ಹಲಗೆಯಕ್ಕನ ಪರವಲಯ

ಬೆಳಕು ಇನ್ನೂ ಸರಿಯಾಗಿ ಹರಿದಿಲ್ಲ. ಅಂಧ ಮಕ್ಕಳ ಶಾಲೆಯ ಉಗ್ರಾಣದಲ್ಲಿ ಹೆಂಗಸೊಬ್ಬರು ನೆಲಕ್ಕೆ ಕೂತು, ಹಲಗೆಗೆ ಗೋಂದು ಸವರಿ, ದಪ್ಪ ಹುರಿಯನ್ನು ಬಾಗಿಸಿ ಅಂಟಿಸುತ್ತಿದ್ದಾರೆ. ಮಕ್ಕಳಿಗೆಲ್ಲ ಇವರು ಹಲಗೆಯಕ್ಕ. ಬಟ್ಟಲಿನಾಕಾರದ ಈ ಗೆರೆಯ ಹೆಸರು ಪರವಲಯ. ಅದರ ತಳದ ಬಿಂದುವಾದ ಶೃಂಗದ ಮೇಲೆ ಅಂಗಿಯ ಗುಂಡಿಯೊಂದನ್ನು ಒತ್ತುತ್ತಾರೆ. ಮಕ್ಕಳ ಬೆರಳು ಮೊದಲು ಹುಡುಕುವುದು ಅದನ್ನೇ.

ಹೊಲಿಗೆ ಕಾರ್ಖಾನೆ ಮುಚ್ಚಿದ ಮೇಲೆ ಇಲ್ಲಿಗೆ ಆಯಾ ಆಗಿ ಬಂದವರು ಇವರು. ಗಣಿತದ ಮೇಷ್ಟ್ರು ಒಂದು ದಿನ "ಮುಟ್ಟಿ ನೋಡೋ ಚಿತ್ರ ಮಾಡಿಕೊಡಮ್ಮ" ಎಂದದ್ದೇ ನೆಪ. ಹುದ್ದೆಯ ಹೆಸರು ಇಂದಿಗೂ ಆಯಾ. "ಮನೆ ಗೋಡೆಗೊಂದು ಮೊಳೆ ಹೊಡಿಯೇ ಅಂದ್ರೆ ಪುರುಸೊತ್ತಿಲ್ಲ ಅಂತೀಯ, ಅಲ್ಲಿ ದಿನಾ ಹೊಡೀತೀಯ ಅಂತ ಆಗ ನಮ್ಮತ್ತೆ ಬೈತಿದ್ರು," ಎಂದು ನಗುತ್ತಾರೆ.

ಮೊದಮೊದಲು ಮೊಳೆಗಳ ನಡುವೆ ದಾರ ಬಿಗಿದು ಚಿತ್ರ ಮಾಡುತ್ತಿದ್ದರು. ಕಣ್ಣಿಗೇನೋ ಚೆನ್ನಾಗಿತ್ತು. ಹತ್ತನೇ ತರಗತಿಯ ಹುಡುಗಿ, ಎಲ್ಲರೂ ಚೂಟಿ ಎನ್ನುವವಳು, ಬೆರಳಾಡಿಸಿ, "ಅಕ್ಕಾ, ಇದು ಬಟ್ಟಲಲ್ಲ, ಗೋಡೆ ಮೂಲೆ" ಎಂದಳು. ಬಿಗಿದ ದಾರ ಬಾಗುವುದಿಲ್ಲವಲ್ಲ! ಅಂದಿನಿಂದ ಹುರಿ ಮತ್ತು ಗೋಂದು.

ಚೂಟಿಗೆ ಮುಂದೆ ಗಣಿತವನ್ನೇ ಓದುವ ಆಸೆ. ಪರೀಕ್ಷಾ ಕಚೇರಿ ಮಾತ್ರ ನಕ್ಷೆಯ ಪ್ರಶ್ನೆಗಳಿಂದ ಅಂಧರಿಗೆ 'ವಿನಾಯಿತಿ' ಕೊಟ್ಟು ಕೈ ತೊಳೆದುಕೊಂಡಿದೆ. ವಿನಾಯಿತಿ ಪಡೆದವರಿಗೆ ಮುಂದೆ ಗಣಿತವಿಲ್ಲ ಎಂಬ ನಿಯಮವೂ ಅದರದ್ದೇ. ಎಂಥ ದಯೆ ನೋಡಿ! ಮೂಗಿಗೆ ತುಪ್ಪ ಸವರಿ ಮುಖದ ಮೇಲೆ ಬಾಗಿಲು ಹಾಕಿದ್ದಾರೆ. ಹಲಗೆಯಕ್ಕನ ಬಗ್ಗೆ ಬರೆಯಲು ಬಂದ ನನಗೇ ಇದನ್ನು ಕೇಳಿ ಪಿತ್ತ ನೆತ್ತಿಗೇರುತ್ತದೆ. ಹಲಗೆಯಕ್ಕ ಆ ಕಚೇರಿಗೆ ಅಲೆದು ಚಪ್ಪಲಿ ಸವೆಸಿದ ಮೇಲೆ, ಇವತ್ತು ಒಬ್ಬ ಅಧಿಕಾರಿ ಚೂಟಿಯನ್ನು ಪರೀಕ್ಷಿಸಲು ಬರುತ್ತಿದ್ದಾರೆ.

ಹೊತ್ತೇರಿದ ಮೇಲೆ ಅಧಿಕಾರಿ ಬಂದು ಕೂರುತ್ತಾರೆ. ಚೂಟಿ ಹೊಸ ಹಲಗೆಗೆ ಕೈಯಿಟ್ಟು ಗುಂಡಿ ಹುಡುಕುತ್ತಾಳೆ. ಅಲ್ಲಿಂದ ಅಕ್ಷಗಳವರೆಗೆ, ಎಡಕ್ಕೂ ಕೆಳಕ್ಕೂ, ತೆಳು ದಾರದ ಚೌಕಗಳನ್ನು ಎಣಿಸುತ್ತಾಳೆ.

"ಶೃಂಗ ಎರಡು, ಒಂದು. ಹಾಗಾದ್ರೆ y = a(x − 2)² + 1. a ಎಷ್ಟೂಂತ ಇನ್ನೂ ಗೊತ್ತಿಲ್ಲ."

ಬೆರಳು ಹುರಿಯ ಮೇಲೆ ಹತ್ತಿ ಒಂದು ಮಣಿಯ ಬಳಿ ನಿಲ್ಲುತ್ತದೆ.

"ಈ ಬಿಂದು ನಾಲ್ಕು, ಒಂಬತ್ತು. ಅದನ್ನೇ ಹಾಕ್ತೀನಿ. 9 = 4a + 1. ಅಲ್ಲಿಗೆ a ಎರಡು. ಸಮೀಕರಣ y = 2(x − 2)² + 1."

ಅಧಿಕಾರಿ ಕರವಸ್ತ್ರದಿಂದ ಕಣ್ಣೊರೆಸಿಕೊಳ್ಳುತ್ತಾರೆ. "ಪಾಪ, ಎಷ್ಟು ಚೆನ್ನಾಗಿ ಮಾಡ್ತಾಳೆ!"

"ಪಾಪ ಅನ್ಬೇಡಿ ಸಾರ್. ಸರಿಯೋ ತಪ್ಪೋ, ಅಷ್ಟು ಹೇಳಿ." ಹಲಗೆಯಕ್ಕನ ದನಿ ಗಡುಸಾಗುತ್ತದೆ.

"ಸರೀನೇ ಇದೆಯಮ್ಮ. ಆದ್ರೆ ಪರೀಕ್ಷೇಲಿ ತಪ್ಪಾದ್ರೆ? ಮಗೂಗೆ ಸುಮ್ನೆ ನೋವು. ಇರಲಿ, ಮೇಲಿನವರ ಹತ್ರ ಮಾತಾಡ್ತೀನಿ."

ಈ ಮಾತಿನ ಬೆಲೆ ಎಷ್ಟೆಂದು ಕಚೇರಿ ಅಲೆದವರಿಗೆಲ್ಲ ಗೊತ್ತು. ಜೀಪು ಹೊರಟ ಮೇಲೆ ಹಲಗೆಯಕ್ಕ ಬೆರಳಿಗಂಟಿದ ಗೋಂದು ಕೆರೆಯುತ್ತಾ ಕೂರುತ್ತಾರೆ. ನಿಮಗೇನು ಆಗಬೇಕಮ್ಮ ಎಂದು ಕೇಳುತ್ತೇನೆ.

"ಎಲ್ರಿಗೂ ಕೊಡೋ ಪ್ರಶ್ನೇನ ಅವಳಿಗೂ ಕೊಡ್ಲಿ, ಸಾಕು. ತಪ್ಪು ಬರೆದ್ರೆ ಸೊನ್ನೆ ಹಾಕ್ಲಿ. ಆ ಸೊನ್ನೆನಾದ್ರೂ ಅವಳೇ ಬರೆದು ತಗೊಂಡಿದ್ದಾಗಿರುತ್ತೆ."