ಜೊತೆಗೆ ಯಾರಿದ್ದಾರೆ?

“ಕಾಕಾ, ಸೋಬತ್ ಕೋಣ್ ಆಹೆ?”

ಜೊತೆಗೆ ಯಾರಿದ್ದಾರೆ ಅಂತ ನರ್ಸ್ ಮರಾಠಿಯಲ್ಲಿ ಕೇಳಿದಳು. ಅಭ್ಯಾಸಬಲದಿಂದ ಹಿಂದೆ ತಿರುಗಿ ನೋಡಿದೆ. (ಶಾಸಕನಾಗಿದ್ದಾಗ ನನ್ನ ಬೆನ್ನಿಗೆ ಸದಾ ಒಂದು ಹಿಂಡು. ನಾನು ಸೀನಿದರೆ ಕರ್ಚೀಫ್ ತೆಗೆಯಲು ಪೈಪೋಟಿ!) ಈಗ ಹಿಂದೆ ಇದ್ದದ್ದು ಕುಡಿಯುವ ನೀರಿನ ಫಿಲ್ಟರ್ ಮಾತ್ರ.

ಹಳೆಯ ಓದುಗರಿಗೆ ಗೊತ್ತು. ಚುನಾವಣೆ ಸೋತ ಮೇಲೆ ಕರ್ನಾಟಕ ಬಿಟ್ಟು, ಹೆಂಡತಿಯ ನೌಕರಿಯ ಊರಾದ ನಾಗಪುರಕ್ಕೆ ಬಂದವನು ನಾನು. ಅವಳು ತೀರಿಕೊಂಡಳು, ನಾನು ಇಲ್ಲೇ ಉಳಿದೆ. ಈಗ ಟೀವಿಯಲ್ಲಿ, ಈ ಅಂಕಣದಲ್ಲಿ ಆರೋಗ್ಯ ನೀತಿಯ ಬಗ್ಗೆ ಮಾತಾಡುವುದೇ ಕೆಲಸ.

ಹೋದ ವಾರ ಹೊಟ್ಟೆನೋವಿಗೆ ಎಂಡೋಸ್ಕೋಪಿ ಆಗಬೇಕು ಅಂದರು. ಹಿಂಗಣಾ ರಸ್ತೆಯ ಒಂದು ಆಸ್ಪತ್ರೆ. ಮಂಪರಿನ ಇಂಜೆಕ್ಷನ್ ಕೊಡಬೇಕಾದರೆ ನಮ್ಮವರು ಒಬ್ಬರು ಹೊರಗೆ ಕೂತಿರಲೇಬೇಕಂತೆ. ರೂಲ್ ಸರಿಯಾಗಿಯೇ ಇದೆ. ತೂರಾಡುವವನನ್ನು ಮನೆ ಮುಟ್ಟಿಸುವವರು ಬೇಡವೇ?

ಫೋನ್ ತೆಗೆದೆ. ಅದರಲ್ಲಿ ಮಂತ್ರಿಗಳಿದ್ದಾರೆ, ಸಂಪಾದಕರಿದ್ದಾರೆ. ನಾಗಪುರದಲ್ಲಿ ಬಂದು ಸುಮ್ಮನೆ ಕೂರುವವರು? ಸುಮ್ಮನಿರಲಾರದೆ ಊರಿನ ಹಳೆಯ ಪಿಎಗೆ ಹಚ್ಚಿದೆ.

“ಸರ್, ನಿನ್ನಿ ಡಿಬೇಟಿನಾಗ ಭಾರಿ ಮಾತಾಡಿದ್ರಿ! ಮೀಟಿಂಗಿನಾಗ ಅದೀನಿ, ಆಮ್ಯಾಲೆ ಮಾಡ್ತೀನ್ರಿ” ಅಂದ. ಆಗಲಪಾ ಅಂದು ಇಟ್ಟೆ.

ಪಕ್ಕದ ಕುರ್ಚಿಯಲ್ಲಿ ಗಂಡನ ಚಪ್ಪಲಿ ಕಾಯುತ್ತ ಒಬ್ಬ ಹೆಣ್ಣುಮಗಳು ಕೂತಿದ್ದಳು. ಫೋನಿನಲ್ಲಿ ತಾಯಿಯೊಂದಿಗೆ ಅಪ್ಪಟ ಕನ್ನಡ ಮಾತಾಡುತ್ತಿದ್ದಳು. ಕೇಳಿಬಿಡಲೇ? ಮನೆಮನೆ ಬಾಗಿಲಲ್ಲಿ ಕೈಮುಗಿದು ವೋಟು ಕೇಳಿದವನು ನಾನು. “ತಂಗೀ, ನನ್ನ ಸಲುವಾಗಿಯೂ ಸ್ವಲ್ಪ ಕೂತಿರವ್ವಾ” ಎನ್ನಲು ನಾಲಿಗೆ ಏಳಲಿಲ್ಲ.

“ಇಂಜೆಕ್ಷನ್ ಬೇಡ, ಹಾಗೇ ಮಾಡಿ” ಅಂತ ನರ್ಸ್‌ಗೆ ಹೇಳಿದೆ.

ಮಾಡಿದರು. ಗಂಟಲಿಗೆ ಸ್ಪ್ರೇ ಹೊಡೆದು ಪೈಪು ಇಳಿಸಿದರು. ಕಣ್ಣಲ್ಲಿ ನೀರು ಸುರಿಯಿತು. (ಪೈಪಿನಿಂದ ಅಂತ ಡಾಕ್ಟರು ಅಂದುಕೊಂಡರು.) ಹೆಂಡತಿ ಹೋದ ದಿನಕ್ಕಿಂತ ಅವತ್ತೇ ನಾನು ಹೆಚ್ಚು ಒಂಟಿ ಅನ್ನಿಸಿತು.

ಹಾಸಿಗೆ ಸಾಲದು, ಡಾಕ್ಟರು ಸಾಲದು, ಬಜೆಟ್ ಸಾಲದು ಅಂತ ಟೀವಿಯಲ್ಲಿ ಗಂಟಲು ಹರಿದುಕೊಳ್ಳುತ್ತೇನೆ. ಔಷಧಿ ತರುವ, ಸಹಿ ಹಾಕುವ, ಚಪ್ಪಲಿ ಕಾಯುವ ಇನ್ನೊಬ್ಬರು? ಅವರು ಎಲ್ಲರ ಹತ್ತಿರವೂ ಇದ್ದೇ ಇರುತ್ತಾರೆ ಅಂತ ನಂಬಿಕೊಂಡೇ ನಮ್ಮ ಆಸ್ಪತ್ರೆಗಳು ನಡೆಯುತ್ತಿವೆ.

ಹೊರಗೆ ಬಂದರೆ ಆ ಹೆಣ್ಣುಮಗಳು ಇನ್ನೂ ಅಲ್ಲೇ ಇದ್ದಳು.

“ನಿಮ್ಮ ಫೋನಿನ ಮಾತು ಕೇಳಿಸ್ತ್ರಿ, ನಮ್ಮವ್ರು ಅಂತ ತಿಳೀತು. ಏನಂದ್ರು ಡಾಕ್ಟ್ರು?”

“ಎಲ್ಲಾ ಬರೋಬರ್ ಐತಂತವಾ.”

“ಒಬ್ಬರ ಬಂದೀರೇನು? ನನಗ ಒಂದು ಮಾತು ಹೇಳಬಾರ್ದೇನ್ರಿ ಅಣ್ಣಾರ? ನಾ ಇಲ್ಲೇ ಖಾಲಿ ಕುಂತಿದ್ನಲ್ರಿ!”

ತಲೆಯಾಡಿಸಿ ಆಟೋ ಹತ್ತಿದೆ. ರಿಪೋರ್ಟ್ ನಾರ್ಮಲ್ ಅನ್ನುವ ಸುದ್ದಿಯನ್ನು ನನ್ನಿಂದ ಕೇಳಿ ತಿಳಿದವಳು ಅವಳೊಬ್ಬಳೇ. ಅವಳ ಹೆಸರನ್ನೂ ನಾನು ಕೇಳಲಿಲ್ಲ.

ನಾಳೆ ಜೊತೆಗೆ ಯಾರಿದ್ದಾರೆ ಅಂತ ನರ್ಸ್ ನಿಮ್ಮನ್ನು ಕೇಳಿದರೆ, ನೀವು ಯಾರ ಹೆಸರು ಹೇಳುತ್ತೀರಿ?