ತುಟಿ ಆಡಿಸಿದರೆ ಸಾಕು

ನಟಿಯಾಗಿದ್ದವರು ಇಟಲಿಯ ಟೀವಿಗೆ ಕಥೆ ಬರೆಯಲು ಹೇಗೆ ಹೋದಿರಿ ಎಂದು ಯಾರಾದರೂ ಕೇಳಿದರೆ ನನಗೆ ಈಗಲೂ ರೇಗುತ್ತದೆ. ಹೋಗಲಿಲ್ಲ ಸ್ವಾಮಿ, ತಳ್ಳಿದರು.

ಬೆಂಗಳೂರಿನಲ್ಲಿ ಧಾರಾವಾಹಿಗಳಲ್ಲಿ ನಟಿಸಿ ಹೆಸರು ಮಾಡಿದ್ದವಳು ನಾನು. ಲಾಸ್ ಏಂಜಲೀಸಿಗೆ ಬಂದ ಮೇಲೆ ಸಿಕ್ಕಿದ್ದೆಲ್ಲ ಫೈಲು ಹಿಡಿದು ಓಡಾಡುವ ನರ್ಸಿನ ಪಾರ್ಟು. 2011ರಲ್ಲಿ ಇಟಲಿಯ ಕಂಪನಿಯೊಂದು ಸ್ಯಾನ್ ಡಿಯಾಗೋದಲ್ಲಿ ಧಾರಾವಾಹಿ ತೆಗೆಯಲು ಬಂದು, ನನಗೊಂದು ಡಾಕ್ಟರ ಪಾರ್ಟು ಕೊಟ್ಟಿತು. ಕುಣಿದುಕೊಂಡು ಹೋದೆ.

ಮಗ ತೀರಿಕೊಂಡನೆಂದು ತಾಯಿಗೆ ಹೇಳುವ ದೃಶ್ಯ. ಇಂಗ್ಲಿಷಿನಲ್ಲಿ ಕೊಟ್ಟ ಡೈಲಾಗು ಬಸ್ಸು ತಡವೆಂದು ಹೇಳಿದ ಹಾಗಿತ್ತು. ಅದನ್ನೂ ನಿಂತೇ ಹೇಳಬೇಕು. ಬದಲಾಯಿಸಲೇ ಎಂದು ನಿರ್ದೇಶಕನನ್ನು ಕೇಳಿದೆ.

"ಏನ್ ಬೇಕಾದ್ರೂ ಹೇಳಿ, ಯಾವ ಭಾಷೇಲಾದ್ರೂ ಹೇಳಿ. ತುಟಿ ಆಡಿಸಿದ್ರೆ ಸಾಕು. ರೋಮ್‌ನಲ್ಲಿ ಬೇರೆಯವರು ಡಬ್ ಮಾಡ್ತಾರೆ" ಎಂದ.

ಅವರಲ್ಲಿ ಅದೇ ಪದ್ಧತಿಯಂತೆ. ಮೈಯೆಲ್ಲ ಉರಿಯಿತು. ತಗೋ ಹಾಗಾದರೆ ಎಂದು ರಿಹರ್ಸಲಿನಲ್ಲಿ ತಾಯಿಯ ಪಕ್ಕ ಕೂತು ಕನ್ನಡದಲ್ಲೇ ಶುರು ಮಾಡಿದೆ.

"ಅಮ್ಮ, ನಾನು ಹೇಳೋದನ್ನ ಈಗ್ಲೇ ನಂಬಬೇಡಿ. ನಿಮಗೆ ನಂಬಿಕೆ ಬರೋವರೆಗೂ ನಾನಿಲ್ಲೇ ಕೂತಿರ್ತೀನಿ."

ನನ್ನ ತಮ್ಮ ಹೋದ ದಿನ ಆಸ್ಪತ್ರೆಯಲ್ಲಿ ನಮ್ಮಮ್ಮನಿಗೆ ಯಾರೂ ಹೇಳದ ಮಾತದು. ಆ ಡಾಕ್ಟರು ನಿಂತಲ್ಲೇ ಹೇಳಿ ಹೊರಟುಹೋಗಿದ್ದರು.

ತಾಯಿಯ ಪಾತ್ರ ಮಾಡಿದವಳು ಒಂದಕ್ಷರ ಅರ್ಥವಾಗದೆಯೂ ಅತ್ತಳು. ನಿರ್ದೇಶಕ ಅರ್ಥ ಕೇಳಿ ಬರೆದುಕೊಂಡ. ಮರುದಿನ ಹೊಗಳಿದ್ದೇ ಹೊಗಳಿದ್ದು. ಆಮೇಲೆ ಬಾಂಬು ಹಾಕಿದ. ಧಾರಾವಾಹಿಯ ನಾಯಕಿಯೂ ಡಾಕ್ಟರೇ ತಾನೆ, ಇಷ್ಟು ಒಳ್ಳೆಯ ಮಾತನ್ನು ಅವಳೇ ಹೇಳಲಿ ಎಂದು ಕಂಪನಿಯವರ ಹಟವಂತೆ. ಹಳೆಯ ಡೈಲಾಗಾದರೆ ಪಾರ್ಟು ನನ್ನದು. ಹೊಸದಾದರೆ ಬರೆದವರ ಪಟ್ಟಿಯಲ್ಲಿ ನನ್ನ ಹೆಸರು, ತೆರೆಯ ಮೇಲೆ ಅವಳ ಮುಖ. ಎಂಥ ಜನವಪ್ಪ! ಚೆನ್ನಾಗಿ ಮಾಡಿದ್ದಕ್ಕೆ ಪಾರ್ಟು ಕಿತ್ತುಕೊಳ್ಳುವುದನ್ನು ನಾನೆಲ್ಲೂ ಕಂಡಿರಲಿಲ್ಲ.

ಲಾಸ್ ಏಂಜಲೀಸಿನ ಪಕ್ಕದ ಎಲ್ ಸೆಗುಂಡೋದ ಆಫೀಸಿನಲ್ಲಿದ್ದ ಗಂಡನಿಗೆ ಫೋನ್ ಮಾಡಿ ಕೂಗಾಡಿದೆ.

"ನಿಂಗೇನ್ ಬೇಕು ಹೇಳು, ಪಾರ್ಟಾ, ಮಾತಾ?" ಎಂದರು.

"ಎರಡೂ!" ಎಂದು ಫೋನಿಟ್ಟೆ.

ಆದರೆ ನಿಂತಲ್ಲೇ ಹೇಳಿ ಹೊರಟುಹೋಗುವ ಡಾಕ್ಟರಾಗಲು ನನ್ನಿಂದ ಆಗಲಿಲ್ಲ. ಮಧ್ಯಾಹ್ನ ಬಿಳಿ ಕೋಟು ಬಿಚ್ಚಿ ಬಟ್ಟೆಯವಳಿಗೆ ಕೊಟ್ಟೆ. ನಾಯಕಿ ನನ್ನನ್ನು ಕರೆದು, ನಿಮ್ಮ ಭಾಷೆಯಲ್ಲಿ ಒಮ್ಮೆ ಹೇಳಿ ತೋರಿಸಿ ಎಂದಳು. ತಾಯಿಯ ಪಕ್ಕ ಕೂತು ಹೇಳಿದೆ. ಲೈಟಿನವರೆಲ್ಲ ಕೈಯಲ್ಲಿದ್ದ ಕೆಲಸ ಬಿಟ್ಟು ನಿಂತರು. ನಾನು ಜೀವನದಲ್ಲಿ ಅಷ್ಟು ಚೆನ್ನಾಗಿ ನಟಿಸಿದ್ದು ಅದೊಂದೇ ಸಲ. ಕ್ಯಾಮೆರಾ ಇನ್ನೂ ಆನ್ ಮಾಡಿರಲಿಲ್ಲ.