ನೆರಿಗೆಯ ನವಿಲು

ಕೊಳ್ಳೇಗಾಲದ ರೇಷ್ಮೆ ನೇಕಾರ ಹರ್ಷವರ್ಧನ ಮಗ್ಗದ ಮುಂದೆಯೂ ಒಂದು ಗಳಿಗೆ ನೆಟ್ಟಗೆ ಕೂತವನಲ್ಲ. ಹಂಗೇರಿಯ ಅನಿಮೇಶನ್ ನಿರ್ದೇಶಕನೊಬ್ಬ ಕೈಯಲ್ಲೇ ಸಾವಿರಾರು ಚಿತ್ರ ಬರೆದು, ಒಂದರ ಹಿಂದೊಂದು ಓಡಿಸಿ, ಬರೆದ ಹಕ್ಕಿಯನ್ನು ಹಾರಿಸುವುದನ್ನೇ ಜೀವಮಾನದ ಕಸುಬು ಮಾಡಿಕೊಂಡದ್ದನ್ನು ಫೋನಿನಲ್ಲಿ ನೋಡಿದ ಮೇಲಂತೂ ಅವನ ಕೈಕಾಲು ಸುಮ್ಮನಿರಲಿಲ್ಲ. ಮೂರು ತಿಂಗಳು ಒದ್ದಾಡಿ ಸೀರೆಯ ಅಂಚಿನಲ್ಲಿ ಹನ್ನೆರಡು ನವಿಲು ನೇಯ್ದ. ಒಂದೊಂದರ ರೆಕ್ಕೆಯೂ ಹಿಂದಿನದಕ್ಕಿಂತ ಚೂರು ಮೇಲೆ.

“ಒಂದಿದ್ದಂಗೆ ಒಂದಿಲ್ಲ. ಸೀರೆ ಕೆಡಿಸ್ದೆ,” ಎಂದ ಅಪ್ಪ ಚೌಡಯ್ಯ.

ಹರ್ಷ ನವಿಲಿಗೊಂದರಂತೆ ನೆರಿಗೆ ಹಿಡಿದು ಅಪ್ಪನ ಕೈಗಿಟ್ಟ. “ಎಬ್ಬೆಟ್ಟಲ್ಲಿ ಒಂದೊಂದೇ ಬುಡಪ್ಪ, ಬಿರ್‍ರನೆ.”

ನೆರಿಗೆಗಳು ಸರಸರ ಬಿದ್ದವು. ಹನ್ನೆರಡೂ ಸೇರಿ ಒಂದೇ ನವಿಲಾಗಿ ರೆಕ್ಕೆ ಎತ್ತಿ ಹಾರಿದವು. ಚೌಡಯ್ಯ ಮತ್ತೆ ನೆರಿಗೆ ಹಿಡಿದ, ಮತ್ತೆ ಬಿಟ್ಟ.

“ಇದೂ ನಿನ್ನಂಗೆಯ ಕಣ್ಲಾ,” ಎಂದ, ಕಣ್ಣೆತ್ತದೆ. “ಒಂದ್ಕಡೆ ಕೂರಕಿಲ್ಲ.”